ಕೆಟ್ಟ ಸುದ್ದಿ ತರುವವರ ಬೆನ್ನು

ಲೋಕದಲ್ಲಿ ದುಷ್ಟರಿಂದ ಆದ ಹಾನಿಗಿಂತ ಸಹಾಯ ಮಾಡಲು ಓಡಿ ಬಂದವರಿಂದ ಆದ ಹಾನಿಯೇ ಹೆಚ್ಚು. ಈ ಸತ್ಯ ನನಗೆ ದರ್ಶನವಾದದ್ದು ಯಾವ ಗುಹೆಯಲ್ಲೂ ಅಲ್ಲ. ಟೆಕ್ಸಸ್‌ನ ಆಸ್ಟಿನ್ ಪಕ್ಕದ ಫ್ಲೂಗರ್‌ವಿಲ್‌ನ ಒಂದು ಬಾಡಿಗೆ ಮನೆಯ ಅಡುಗೆಮನೆಯಲ್ಲಿ, ಫ್ರಿಜ್ಜಿನ ಮರೆಯಲ್ಲಿ ನಿಂತಿದ್ದಾಗ. ಫ್ರಿಜ್ಜಿನ ಮೇಲೆ ಯಾರೋ ಅರ್ಧ ತಿಂದಿಟ್ಟ ಡೋನಟ್ ಇತ್ತು. ದರ್ಶನದ ಘನತೆಗೆ ಅದರಿಂದ ಸ್ವಲ್ಪ ಕುಂದು ಬಂತೆಂದು ಒಪ್ಪಿಕೊಳ್ಳುತ್ತೇನೆ.

ನಾನು ಪ್ರಾಂಪ್ಟರ್. ಹೊಟ್ಟೆಪಾಡಿಗೆ ಪ್ಲೇನೋದಲ್ಲಿ ಡೇಟಾಬೇಸ್ ನೋಡಿಕೊಳ್ಳುತ್ತಿದ್ದೆ, ಅದು ಬೇರೆ ಮಾತು, ಅದರಿಂದ ರಿಟೈರ್ ಆಗಿಯೂ ಆಯಿತು. ಡ್ಯಾಲಸ್ ಸುತ್ತಮುತ್ತಲಿನ ಕನ್ನಡಿಗರು ಯುಗಾದಿಗೋ ರಾಜ್ಯೋತ್ಸವಕ್ಕೋ ಯಾವುದಾದರೂ ಶಾಲೆಯ ಆಡಿಟೋರಿಯಂ ಹಿಡಿದು ನಾಟಕ ಆಡಿದಾಗಲೆಲ್ಲ ಸೈಡ್‌ವಿಂಗಿನಲ್ಲಿ ಮಡಿಸುವ ಕುರ್ಚಿ ಹಾಕಿಕೊಂಡು, ಎ.ಸಿ. ಗಾಳಿ ನೇರವಾಗಿ ನೆತ್ತಿಗೆ ಬಡಿಯುವುದರಿಂದ ಮಂಕಿಕ್ಯಾಪ್ ತೊಟ್ಟು, ಸ್ಕ್ರಿಪ್ಟ್ ಹಿಡಿದು ಕೂತವನು ನಾನು. ನಮ್ಮ ನಟವರ್ಗದಲ್ಲಿ ಎಲ್ಲರೂ ಡಾಕ್ಟರು, ಎಂಜಿನಿಯರು. ಶುಕ್ರವಾರದವರೆಗೆ ಮೀಟಿಂಗಿನಲ್ಲಿದ್ದು ಶನಿವಾರ ಚಕ್ರವರ್ತಿಗಳಾಗುವವರು. ಮಾತು ಬಾಯಿಪಾಠ ಮಾಡುವ ಪದ್ಧತಿ ಅವರಲ್ಲಿರಲಿಲ್ಲ. ನಾನು ಪಿಸುಗುಟ್ಟಬೇಕು, ಅವರು ಅದನ್ನೇ ಗುಡುಗಬೇಕು. ನಟ ಒಂದು ಉಸಿರು ಹೆಚ್ಚಿಗೆ ತೆಗೆದುಕೊಂಡರೆ ಸಾಕು, ನನ್ನ ನಾಲಿಗೆ ನನ್ನನ್ನು ಕೇಳದೆ ಹೊರಟುಬಿಡುತ್ತಿತ್ತು. ಇಪ್ಪತ್ತೈದು ವರ್ಷಗಳಲ್ಲಿ ನಾನು ತುಂಬಿದ ಮೌನಗಳ ಪೈಕಿ ಒಂದೇ ಒಂದೂ ಅಭಿನಯವಾಗಿರಲಿಲ್ಲ. ಈ ವಿಷಯವನ್ನು ನನ್ನ ಪರವಾದ ಸಾಕ್ಷಿಯಾಗಿ ಮೊದಲೇ ಹೇಳಿಬಿಡುತ್ತೇನೆ.

ಈಚೆಗೆ ನಮ್ಮ ನಾಟಕಗಳಿಗೆ ಮಾತನ್ನು ಮೊದಲೇ ರೆಕಾರ್ಡ್ ಮಾಡಿಟ್ಟುಕೊಳ್ಳುವ ಕ್ರಮ ಬಂತು. ನಟರು ಸ್ಟೇಜಿನ ಮೇಲೆ ತುಟಿ ಅಲ್ಲಾಡಿಸಿದರಾಯಿತು. ಪ್ರಾಂಪ್ಟರ್ ಬೇಡ. ಕನ್ನಡ ಸಂಘದವರು ನನಗೆ ಒಂದು ಶಾಲು ಹೊದಿಸಿದರು. ಮನೆಗೆ ಬಂದಾಗ ಧಾರವಾಡದವಳಾದ ನನ್ನ ಹೆಂಡತಿ ಶಾಲನ್ನು ತಿರುಗಿಸಿ ನೋಡಿ, "ಆತು ಬಿಡ್ರಿ, ಇನ್ನ ಮನ್ಯಾಗ ಪ್ರಾಂಪ್ಟ್ ಮಾಡ್ರಿ. ನಾ ಮಾತಾಡೋದು ಯಾವಾಗರ ನಿಂತ್ರ ಹೇಳಿಕೊಡ್ರಿ," ಎಂದಳು. ಆ ಸಂದರ್ಭ ಬಹಳ ದಿನ ಬರಲಿಲ್ಲ.

ಹೀಗೆ ಕೆಲಸವಿಲ್ಲದ ನಾಲಿಗೆಯನ್ನು ಬಾಯಲ್ಲಿಟ್ಟುಕೊಂಡು ಬೆಳಿಗ್ಗೆ ವಾಕಿಂಗ್ ಹೋಗುತ್ತಿದ್ದಾಗ ಅವರ ಪರಿಚಯವಾಯಿತು. ಎಂಬತ್ತರ ಹತ್ತಿರದ ಜಪಾನಿ ಹಿರಿಯರು, ಸಣ್ಣ ಆಳು, ಸದಾ ಇಸ್ತ್ರಿ ಮಾಡಿದ ಷರಟು. ನಮ್ಮ ಬೀದಿಯ ಕೊನೆಯ ಮನೆಯಲ್ಲಿ ಮಗಳ ಜೊತೆ ಇದ್ದರು. ಮಗಳು ಇಲ್ಲಿನ ಒಂದು ಜಪಾನಿ ಕಂಪನಿಯಲ್ಲಿ ಎಂಜಿನಿಯರ್. ಅವರ ಇಂಗ್ಲಿಷು ಕಡಿಮೆ, ನನ್ನದು ಮೈಸೂರಿನದು. ಇಬ್ಬರೂ ನಿಧಾನವಾಗಿ ಮಾತಾಡುವವರಾದ್ದರಿಂದ ತೊಂದರೆಯಾಗಲಿಲ್ಲ. ಇಲ್ಲಿ ಅವರ ಮಾತನ್ನೆಲ್ಲ ಕನ್ನಡದಲ್ಲೇ ಕೊಡುತ್ತಿದ್ದೇನೆ.

ಅವರ ನಡಿಗೆಯಲ್ಲಿ ಒಂದು ವಿಚಿತ್ರವಿತ್ತು. ಪೂರ್ವಕ್ಕೆ ಹೋಗುವಾಗ ನನ್ನ ಹಿಂದೆ ಒಂದು ಹೆಜ್ಜೆ. ತಿರುಗಿ ಬರುವಾಗ ಹುಲ್ಲಿನ ಮೇಲೆ ಇಳಿದು ದೂರ. ನನ್ನ ಬೆವರಿನ ವಾಸನೆಯೇನೋ ಎಂದು ನಾಲ್ಕು ದಿನ ಸೋಪು ಬದಲಾಯಿಸಿದೆ. ಕೊನೆಗೆ ಕೇಳಿಯೇಬಿಟ್ಟೆ.

"ನೆರಳು," ಎಂದರು. "ನನ್ನ ನೆರಳು ನಿಮ್ಮ ಮೇಲೆ ಬೀಳಬಾರದು."

"ಬಿದ್ದರೆ ಏನಾಗುತ್ತೆ?"

"ನಿಮಗೆ ಏನೂ ಆಗೋದಿಲ್ಲ. ನನ್ನನ್ನು ಕೆಲಸದಿಂದ ತೆಗೀತಾರೆ."

ಅವರು ಸಿನಿಮಾ ನಟರಾಗಿದ್ದರು ಎಂಬುದು ನನಗೆ ಗೊತ್ತಾದದ್ದು ಹೀಗೆ. ಚಿಕ್ಕ ಪಾತ್ರದವನ ನೆರಳು ನಾಯಕನ ಮುಖದ ಮೇಲೆ ಬೀಳುವುದು ಅವರ ಸ್ಟುಡಿಯೋದಲ್ಲಿ ಮೊದಲನೆಯ ಅಪರಾಧವಂತೆ. ನಲವತ್ತು ವರ್ಷ ನೆರಳನ್ನು ನಾಯಿಯ ಹಾಗೆ ಹಗ್ಗ ಹಾಕಿ ಹಿಡಿದುಕೊಂಡು ಓಡಾಡಿದ ಮನುಷ್ಯನಿಗೆ ಟೆಕ್ಸಸ್‌ನ ಬಿಸಿಲಿನಲ್ಲೂ ಅದನ್ನು ಬಿಡಲು ಧೈರ್ಯ ಬಂದಿರಲಿಲ್ಲ.

ಒಂದು ಭಾನುವಾರ ಅವರ ಮನೆಯಲ್ಲಿ ಚಹಾ ಕುಡಿಯುತ್ತಾ ಅವರ ವೃತ್ತಿಜೀವನವನ್ನು ಟೀವಿಯಲ್ಲಿ ನೋಡಿದೆ. ಹದಿನೆಂಟನೆಯ ವಯಸ್ಸಿಗೆ ಸ್ಟುಡಿಯೋ ಸೇರಿದರಂತೆ. ಅಲ್ಲಿ ನಾಯಕರಿಗೆ ಒಬ್ಬೊಬ್ಬರಿಗೊಂದು ಕೋಣೆ. ಮಿಕ್ಕವರೆಲ್ಲ ಒಂದೇ ದೊಡ್ಡ ಕೋಣೆಯಲ್ಲಿ ಬಣ್ಣ ಹಚ್ಚಿಕೊಳ್ಳಬೇಕು. ಹಾಗಾಗಿ ಅವರಿಗೆ ದೊಡ್ಡ ಕೋಣೆಯವರು ಎಂದೇ ಹೆಸರು. ಅವರ ಬದುಕಿನಲ್ಲಿ ದೊಡ್ಡದೆಂದು ಹೇಳಬಹುದಾದದ್ದು ಅದೊಂದೇ ಎಂದು ಅವರೇ ನಕ್ಕರು. ಇವರಿಗೆ ಅಂಟಿಕೊಂಡ ಪಾತ್ರ ದೂತನದು. ರಾಜಾಧಿರಾಜರ ಕಾಲದ ಕಥೆಗಳಲ್ಲಿ ಧೂಳೆಬ್ಬಿಸಿಕೊಂಡು ಓಡಿ ಬಂದು ಕೋಟೆ ಬಿತ್ತೆಂದೋ ಯುವರಾಜ ಸತ್ತನೆಂದೋ ಹೇಳುವವನು. ಒಳ್ಳೆಯ ಸುದ್ದಿಗೆ ಬೇರೆಯವರಿದ್ದರು.

ಟೀವಿಯಲ್ಲಿ ಚಿತ್ರ ನಿಲ್ಲಿಸಿ, "ಇದು ನಾನು," ಎಂದರು.

ದೊರೆಯೊಬ್ಬ ಹುಬ್ಬು ಗಂಟಿಕ್ಕಿ ಕೂತಿದ್ದ. ಸುತ್ತ ಸರದಾರರು. "ಎಲ್ಲಿ?"

"ಇಲ್ಲಿ."

ಪರದೆಯ ಕೆಳಗಿನ ಅಂಚಿನಲ್ಲಿ ಒಂದು ಬೆನ್ನು, ಒಂದು ಜುಟ್ಟು. ದೊರೆಯೆದುರು ದೂತ ಹಣೆಯನ್ನು ನೆಲಕ್ಕೆ ಹಚ್ಚಿಯೇ ಸುದ್ದಿ ಹೇಳಬೇಕಂತೆ. ಇನ್ನೊಂದು ಚಿತ್ರ ಹಾಕಿದರು: ಬೆನ್ನು. ಮತ್ತೊಂದು: ಬೆನ್ನು, ಮಳೆಯಲ್ಲಿ. ಸೋಫಾದ ಮೇಲೆ ಕಾಲು ಮಡಚಿ ಕೂತಿದ್ದ ಅವರ ಎಂಟು ವರ್ಷದ ಮೊಮ್ಮಗಳು ಇಂಗ್ಲಿಷಿನಲ್ಲಿ, ಯಾವ ಕೆಟ್ಟ ಉದ್ದೇಶವೂ ಇಲ್ಲದೆ, "ಅದು ಯಾರು ಬೇಕಾದರೂ ಆಗಿರಬಹುದಲ್ಲ," ಎಂದಳು. ನ್ಯಾಯವಾದ ಮಾತು. ಅಜ್ಜ ತಲೆಯಾಡಿಸಿದರು.

"ಮುಖ ಒಂದರಲ್ಲೂ ಇಲ್ಲವೇ?" ಎಂದೆ.

ಇತ್ತು. ರಾಜರ ಚಿತ್ರಗಳು ನಿಂತ ಮೇಲೆ ಟೀವಿಯ ಪೊಲೀಸ್ ಧಾರಾವಾಹಿಗಳಲ್ಲಿ ಹೆಣವಾಗಿ ಕೆಲಸ ಸಿಕ್ಕಿತ್ತು. ಅಲ್ಲಿ ಕ್ಯಾಮೆರಾ ಮುಖಕ್ಕೇ ಬರುತ್ತಿತ್ತು. ದೂತನಾದಾಗ ಮಾತಿತ್ತು, ಮುಖವಿರಲಿಲ್ಲ. ಹೆಣವಾದಾಗ ಮುಖವಿತ್ತು, ಮಾತಿರಲಿಲ್ಲ. ಎರಡೂ ಒಟ್ಟಿಗೆ ಸಿಕ್ಕಿದ್ದು ಒಂದೇ ಸಲ. ಯಾರೋ ಹೊಸ ನಿರ್ದೇಶಕ, ಸುದ್ದಿ ಹೇಳುವಾಗ ತಲೆ ಎತ್ತು ಎಂದನಂತೆ. ಎತ್ತಿದರು. ಮಾತು ಮುಗಿಯಿತು. ದೊರೆಯ ಪಾತ್ರದ ದೊಡ್ಡ ನಟ ಎದ್ದು ತನ್ನ ಸ್ವಂತ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡ. ಮಧ್ಯಾಹ್ನ ಮತ್ತೆ ಚಿತ್ರೀಕರಣ, ಹಣೆ ನೆಲಕ್ಕೆ.

"ಆ ರೀಲು ಏನಾಯಿತು?"

"ಎಸೆದಿರಬೇಕು," ಎಂದು ಟೀವಿ ಆರಿಸಿದರು. "ಒಂದು ಸಲ ನೋಡಬೇಕಿತ್ತು. ಮಾತಾಡುವಾಗ ನನ್ನ ಮುಖ ಹೇಗಿರುತ್ತೆ ಅಂತ ನನಗೆ ಗೊತ್ತಿಲ್ಲ."

ಫೋನಿನಲ್ಲಿ ಎರಡು ನಿಮಿಷದಲ್ಲಿ ತೋರಿಸಬಲ್ಲೆ ಎಂದು ಬಾಯಿ ತೆರೆದೆ. ಅವರು ಕೇಳುತ್ತಿದ್ದುದು ಅದಲ್ಲವೆಂದು ಹೊಳೆದು ಚಹಾ ಕುಡಿದೆ. ಸುಮ್ಮನಿರುವ ಕಲೆ ನನಗೆ ಒಲಿದದ್ದು ಆ ಒಂದು ದಿನ.

ಕ್ಯಾರಲ್ಟನ್‌ನ ಏಷ್ಯನ್ ಅಂಗಡಿಯ ನೋಟೀಸ್ ಬೋರ್ಡಿನಲ್ಲಿ ಮನೆಪಾಠ, ಬಾಡಿಗೆ ಕೋಣೆ, ಕಳೆದುಹೋದ ಬೆಕ್ಕುಗಳ ನಡುವೆ ಆ ಚೀಟಿ ಅವರಿಗೆ ಸಿಕ್ಕಿತು. ಆಸ್ಟಿನ್‌ನ ಕೆಲವು ಯುವಕ ಯುವತಿಯರು ಚಿತ್ರ ಮಾಡುತ್ತಿದ್ದಾರೆ, ವಯಸ್ಸಾದ ಜಪಾನಿ ಗಂಡಸು ಬೇಕು, ಒಂದು ದಿನದ ಕೆಲಸ, ಊಟವಿದೆ. ಚೀಟಿಯನ್ನು ನಾಲ್ಕು ಮಡಿಕೆ ಮಾಡಿ ಪರ್ಸಿನಲ್ಲಿಟ್ಟುಕೊಂಡು ಒಂದು ವಾರ ವಾಕಿಂಗ್ ಮಾಡಿದರು. ಎಂಟನೆಯ ದಿನ ತೆಗೆದು ತೋರಿಸಿದರು. ನಾನೇ ಅವರ ಫೋಟೋ ಹೊಡೆದು ಕಳಿಸಿದೆ. ಆಯ್ಕೆಯಾದರು. ಪಾತ್ರ ಪಕ್ಕದ ಮನೆಯ ಮುದುಕನದು. ಊರಿಗೆ ತಡವಾಗಿ ಬಂದ ನಾಯಕನಿಗೆ, ನಿನ್ನಪ್ಪ ತೀರಿಕೊಂಡ ಎಂದು ತಿಳಿಸಬೇಕು.

"ಮತ್ತೆ ಕೆಟ್ಟ ಸುದ್ದಿಯೇ?" ಎಂದೆ.

"ಅನುಭವ ಇದೆ," ಎಂದರು.

ಮಾತು ಒಂದೇ ಸಾಲು: ನಿಮ್ಮ ತಂದೆ ಸಂಜೆಯವರೆಗೂ ಕಿಟಕಿಯ ಪಕ್ಕ ಕೂತಿದ್ದರು. ಇಂಗ್ಲಿಷಿನಲ್ಲಿ ಎಂಟು ಪದ, 'ಸಂಜೆಯವರೆಗೂ' ಎಂಬುದು ಕೊನೆಗೆ. ಎದುರಿಗೆ ಕ್ಯಾಮೆರಾ, ಮುಖಕ್ಕೆ. ಮುಖ, ಮಾತು, ಎರಡೂ. ಅವರು ಅದನ್ನು ನನಗೆ ಹೇಳಿದಾಗ ಹುಲ್ಲಿನ ಮೇಲೆ ಇಳಿಯುವುದನ್ನು ಮರೆತರು. ಅವರ ನೆರಳು ಒಂದು ಫರ್ಲಾಂಗು ನನ್ನ ಬೆನ್ನ ಮೇಲೆಯೇ ಬಂತು.

ಎಂಟು ಪದ ಕಲಿಸುವ ಹೊಣೆ ನಾನು ಹೊತ್ತೆ. ದಿನಾ ಬೆಳಿಗ್ಗೆ ಅವರು ಹೇಳಬೇಕು, ನಾನು ತಿದ್ದಬೇಕು. ನನ್ನನ್ನು ಮೇಷ್ಟ್ರೇ ಎಂದು ಅವರ ಭಾಷೆಯಲ್ಲಿ ಕರೆಯತೊಡಗಿದರು. ಪ್ರಾಂಪ್ಟರ್ ಕೆಲಸವನ್ನು ವಿವರಿಸಿದಾಗ ತುಂಬಾ ಗೌರವದಿಂದ ಕೇಳಿದರು. ಅವರ ಕಡೆಯ ಹಳೆಯ ನಾಟಕದಲ್ಲಿ ನಟರ ಹಿಂದೆ ಕೂತು ನೆರವಾಗುವವನು ಕಪ್ಪು ಬಟ್ಟೆ ತೊಡುತ್ತಾನಂತೆ. ಅವನು ಕಣ್ಣೆದುರಿಗೇ ಇದ್ದರೂ ಕಾಣಿಸುವುದಿಲ್ಲವೆಂದು ಇಡೀ ಸಭೆ ಒಪ್ಪಿಕೊಂಡಿರುತ್ತದಂತೆ. ನಮ್ಮಲ್ಲಿ ಮಂಕಿಕ್ಯಾಪ್ ತೊಡುತ್ತಾನೆ, ಅವನ ಧ್ವನಿ ಕೊನೆಯ ಸಾಲಿನವರೆಗೂ ಕೇಳಿಸುತ್ತದೆ, ಕೇಳಿಸಲಿಲ್ಲವೆಂದು ಇಡೀ ಸಭೆ ಒಪ್ಪಿಕೊಂಡಿರುತ್ತದೆ ಎಂದೆ. ಎರಡೂ ಪ್ರಾಚೀನ ಸಂಸ್ಕೃತಿಗಳೆಂದು ತೀರ್ಮಾನವಾಯಿತು.

ಎರಡನೆಯ ವಾರದಲ್ಲಿ ನನಗೆ ಹೆದರಿಕೆ ಶುರುವಾಯಿತು. ಸೋಮವಾರ ಬಂದ ಸಾಲು ಮಂಗಳವಾರ ಇರುತ್ತಿರಲಿಲ್ಲ. 'ನಿಮ್ಮ ತಂದೆ' ಎಂದು ಶುರು ಮಾಡಿ, ನಿಂತು, ಎದುರಿನ ಮನೆಯ ಮೇಲ್‌ಬಾಕ್ಸನ್ನು ನೋಡುತ್ತಾ ಇದ್ದುಬಿಡುವರು. ನಾನು ಹೇಳಿಕೊಟ್ಟರೆ, "ಹೌದು, ಹೌದು," ಎಂದು ತಲೆ ಬಗ್ಗಿಸುವರು. ಒಂದು ದಿನ ವಾಕಿಂಗಿನಿಂದ ಹಿಂತಿರುಗುವಾಗ ಅವರ ಮನೆಯ ಎದುರಿನಿಂದಲೇ ನನ್ನ ಜೊತೆ ಮುಂದಕ್ಕೆ ನಡೆದು ಬಂದರು. ಸೌಜನ್ಯಕ್ಕೆ ಬಂದರೆಂದು ತಿಳಿದೆ. ನಮ್ಮ ಬಾಗಿಲಲ್ಲಿ ಷೂ ಬಿಚ್ಚಿ ಜೋಡಿಸಿಟ್ಟು, ಜೇಬಿನಿಂದ ತಮ್ಮ ಮನೆಯ ಕೀ ತೆಗೆದು ನಮ್ಮ ಬೀಗಕ್ಕೆ ಹಾಕಿದರು.

ನನ್ನ ಹೆಂಡತಿ ಒಳಗಿನಿಂದ ಬಾಗಿಲು ತೆರೆದವಳು ಕೀಯನ್ನೂ ನನ್ನನ್ನೂ ನೋಡಿ, "ಬರ್ರಿ ಅಜ್ಜಾರ, ಚಾ ಆಗೇದ," ಎಂದಳು. ಅವರು ಹೋದ ಮೇಲೆ ನನಗೆ ಹೇಳಿದಳು: "ಮಗಳಿಗೆ ಹೇಳ್ರಿ. ಇವತ್ತ ಹೇಳ್ರಿ."

ಮಗಳಿಗೆ ಗೊತ್ತಿತ್ತು. ಗೊತ್ತಿದ್ದೂ ಡಾಕ್ಟರ ಅಪಾಯಿಂಟ್‌ಮೆಂಟಿಗೆ ತಿಂಗಳುಗಟ್ಟಲೆ ಕಾಯುತ್ತಿದ್ದಳು. ಆಗ ನಮ್ಮ ಕನ್ನಡಿಗರ ಮಹಾಮಂತ್ರ ಪ್ರಯೋಗಿಸಿದೆ: ಯಾರಿಗೆ ಯಾರು ಗೊತ್ತು? ಹ್ಯೂಸ್ಟನ್‌ನಲ್ಲಿ ಉಡುಪಿ ಕಡೆಯ ನರರೋಗ ತಜ್ಞರೊಬ್ಬರಿದ್ದರು. ಒಂದು ಕಾಲಕ್ಕೆ ಡ್ಯಾಲಸ್‌ನಲ್ಲಿದ್ದಾಗ ಭೀಷ್ಮನ ಪಾತ್ರ ಮಾಡಿ, ಇಡೀ ಶರಶಯ್ಯೆಯನ್ನು ನನ್ನ ಬಾಯಿಂದ ಕೇಳಿಸಿಕೊಂಡೇ ಹೇಳಿದವರು. ಋಣ ನೆನಪಿತ್ತು. ಮುಂದಿನ ಗುರುವಾರಕ್ಕೇ ಬನ್ನಿ ಎಂದರು. ಮಗಳಿಗೆ ಕೆಲಸದಿಂದ ರಜೆ ಸಿಗಲಿಲ್ಲ. ನಾಲ್ಕು ಗಂಟೆ ನಾನೇ ಡ್ರೈವ್ ಮಾಡಿಕೊಂಡು ಕರೆದೊಯ್ದೆ.

ಡಾಕ್ಟರು ಐದು ಪದ ಹೇಳಿದರು: ಸೇಬು, ಮೇಜು, ಕುದುರೆ, ಚಮಚ, ಸೇತುವೆ. ಆಮೇಲೆ ಗಡಿಯಾರ ಬರೆಯಿರಿ, ತಿಂಗಳುಗಳನ್ನು ಹಿಂದಿನಿಂದ ಹೇಳಿ ಎಂದೆಲ್ಲ ಮಾಡಿಸಿ, ಈಗ ಆ ಐದು ಪದ ಹೇಳಿ ಎಂದರು.

"ಕುದುರೆ," ಎಂದರು ನಮ್ಮವರು ತಕ್ಷಣ. ಸಿನಿಮಾಗಳಲ್ಲಿ ಕುದುರೆಯಿಂದ ಬಹಳ ಸಲ ಬಿದ್ದಿದ್ದರು. ಆಮೇಲೆ ಮೌನ.

ನನ್ನ ತುಟಿ ಅಲ್ಲಾಡಿತು. ನಾನು ಅಲ್ಲಾಡಿಸಲಿಲ್ಲ, ಅದೇ ಅಲ್ಲಾಡಿತು. "ಮೇಜು" ಎಂಬ ಶಬ್ದ ಎ.ಸಿ.ಯ ಸದ್ದಿಗಿಂತ ಸ್ವಲ್ಪ ಹೆಚ್ಚಾಗಿಯೇ ಕೋಣೆಯಲ್ಲಿ ಹರಡಿತು.

ಡಾಕ್ಟರು ಪೆನ್ನು ಕೆಳಗಿಟ್ಟು ಕನ್ನಡದಲ್ಲಿ, "ಮಾರಾಯ್ರೇ, ಪರೀಕ್ಷೆ ಅವರಿಗೆ. ನೀವು ಸ್ವಲ್ಪ ಹೊರಗೆ ಕೂತ್ಕೊಳ್ಳಿ," ಎಂದರು.

ಜ್ಞಾಪಕಶಕ್ತಿಯ ಪರೀಕ್ಷೆಯಲ್ಲಿ ಕಾಪಿ ಹೊಡೆಸಲು ಹೋಗಿ ಹೊರಹಾಕಿಸಿಕೊಂಡ ಮೊದಲ ಮನುಷ್ಯ ನಾನಿರಬಹುದು. ಹೊರಗೆ ಮೀನಿನ ತೊಟ್ಟಿಯೆದುರು ಕೂತು ನಗಲು ಪ್ರಯತ್ನಿಸಿದೆ. ಆಗಲಿಲ್ಲ. ಒಳಗೆ ಅವರು ಒಬ್ಬರೇ ಇದ್ದರು, ನಾಲ್ಕು ಪದಗಳಿಗಾಗಿ ತಡಕಾಡುತ್ತಾ. ನನಗೆ ನಾಲ್ಕೂ ಗೊತ್ತಿದ್ದವು.

ಫೋನಿನಲ್ಲಿ ಮಗಳನ್ನೂ ಸೇರಿಸಿಕೊಂಡು ಡಾಕ್ಟರು ವಿವರಿಸಿದರು. ಹೊಸದು ನಿಲ್ಲುವುದಿಲ್ಲ, ಹಳೆಯದು ಕೊನೆಗೆ ಹೋಗುತ್ತದೆ. ಎಷ್ಟು ಬೇಗ ಎಂದು ಹೇಳಲಾಗದು, ಆದರೆ ನಿಲ್ಲಿಸಲಾಗದು. ಅಷ್ಟರಲ್ಲಿ ನಮ್ಮವರು ಎದ್ದು ಡಾಕ್ಟರಿಗೆ ನಡು ಬಗ್ಗಿಸಿ ವಂದಿಸಿದರು, ತುಂಬಾ ಹೊತ್ತು. ಕೆಟ್ಟ ಸುದ್ದಿ ತರುವುದು ಎಷ್ಟು ಕಷ್ಟದ ಕೆಲಸವೆಂದು ಆ ಕೋಣೆಯಲ್ಲಿ ಅವರಿಗೆ ಗೊತ್ತಿದ್ದಷ್ಟು ಯಾರಿಗೂ ಗೊತ್ತಿರಲಿಲ್ಲ.

ಚಿತ್ರೀಕರಣಕ್ಕೆ ಹನ್ನೆರಡು ದಿನ ಉಳಿದಿತ್ತು. ಮಗಳು ನಮ್ಮ ಮನೆಗೇ ಬಂದಳು. ಕೂರಲಿಲ್ಲ.

"ಬೇಡ ಅಂತ ಹೇಳಲು ಬಂದೆ," ಎಂದಳು. "ಬೆಳಿಗ್ಗೆ ಎದ್ದ ತಕ್ಷಣ ಕನ್ನಡಿ ಮುಂದೆ ಆ ಸಾಲು ಹೇಳಿಕೊಳ್ತಿದ್ದಾರೆ. ಅವರಿಗೆ ಬೇಡ ಅನ್ನಲು ಆಗಲಿಲ್ಲ." ಮತ್ತೆ, "ಅಲ್ಲಿ ಎಲ್ಲರೂ ಚಿಕ್ಕವರು. ಅವರು ಅಪ್ಪನನ್ನು ಮರೆವಿನ ಮುದುಕ ಅಂತ ನೋಡಬಾರದು. ನಲವತ್ತು ವರ್ಷ ಒಂದು ಸಾಲೂ ತಪ್ಪಿದವರಲ್ಲ. ನೀವು ಜೊತೆಗಿರ್ತೀರಾ?"

ಇರುತ್ತೇನೆಂದೆ. ಪ್ರಾಂಪ್ಟರನ ಮಾತೆಂದರೆ ಮಾತು ಎಂದು ಎದೆ ಮುಟ್ಟಿಕೊಂಡೆ. ಅವಳು ಹೋದ ಮೇಲೆ ನನ್ನ ಹೆಂಡತಿ ನನ್ನ ಮುಖ ನೋಡಿ, "ನಿಮಗ ಅಜ್ಜಾರ ಚಿಂತಿ ಹೆಚ್ಚೋ, ಮತ್ತ ಕೆಲಸ ಸಿಕ್ಕದ್ದು ಹೆಚ್ಚೋ?" ಎಂದಳು.

ಆ ದಿನ ಬೆಳಿಗ್ಗೆ ಹೊರಟೆವು. ನನ್ನ ಹೆಂಡತಿ ಧಪಾಟಿ, ಮೊಸರು, ಶೇಂಗಾ ಚಟ್ನಿ ಕಟ್ಟಿಕೊಟ್ಟಿದ್ದಳು. ದಾರಿಯಲ್ಲಿ ವೇಕೋ ಊರು ದಾಟುವಷ್ಟರಲ್ಲಿ ಸಾಲು ಮೂರು ಸಲ ತಪ್ಪಿತು. ನಾಲ್ಕನೆಯ ಸಲ ಪೂರ್ತಿ ಬಂತು. ಐದನೆಯ ಸಲ 'ನಿಮ್ಮ ತಂದೆ' ಎಂದು ನಿಂತರು, ನಾನು ಒದಗಿಸಿದೆ. ಅವರು ಕಿಟಕಿಯಾಚೆ ನೋಡುತ್ತಾ, "ದೊಡ್ಡ ಕೋಣೆಯಲ್ಲಿ ಒಬ್ಬನಿದ್ದ. ಹೆದರಿಕೆಯಾದಾಗ ಸಾಕ್ಸು ಬದಲಾಯಿಸುತ್ತಿದ್ದ," ಎಂದರು. ಒಂದು ಗ್ಯಾಸ್ ಸ್ಟೇಷನ್ನಿನಲ್ಲಿ ಹೊಸ ಸಾಕ್ಸು ಕೊಂಡು ಹಾಕಿಕೊಂಡರು. ಅದರ ಮೇಲೆ ಟೆಕ್ಸಸ್‌ನ ನಕ್ಷತ್ರವಿತ್ತು.

ಫ್ಲೂಗರ್‌ವಿಲ್‌ನ ಆ ಮನೆಯೊಳಗೆ ವೈರುಗಳ ಕಾಡು. ನಿರ್ದೇಶಕಿಗೆ ಇಪ್ಪತ್ತಾರಿರಬಹುದು, ಚಡ್ಡಿ ತೊಟ್ಟಿದ್ದಳು, ಒಳ್ಳೆಯ ಹುಡುಗಿ. ನಮ್ಮವರು ಪ್ರತಿಯೊಬ್ಬರೆದುರೂ ನಿಂತು ಬಗ್ಗಿ ವಂದಿಸಿದರು, ನೆಲಕ್ಕೆ ಟೇಪು ಅಂಟಿಸುತ್ತಿದ್ದವನಿಗೂ. ಅವನು ಮಂಡಿಯೂರಿದ್ದವನು ಏನು ಮಾಡಬೇಕೆಂದು ತೋಚದೆ ಅಲ್ಲಿಂದಲೇ ಬಗ್ಗಿದ. ಕೆಲಸ ಶುರುವಾಗಲು ಮಧ್ಯಾಹ್ನ ಕಳೆಯಿತು. ಅಡುಗೆಮನೆಯ ಕಿಟಕಿಯಿಂದ ಇಳಿಬಿಸಿಲು ಬರಬೇಕು, ಆ ಬಿಸಿಲು ಇರುವುದೇ ಸ್ವಲ್ಪ ಹೊತ್ತು, ಹೆಚ್ಚೆಂದರೆ ಮೂರು ಟೇಕು ಎಂದಳು ನಿರ್ದೇಶಕಿ. ಉಳಿದವರೆಲ್ಲ ಹೊರಗೆ. ಇವರಿಗೆ ಧೈರ್ಯಕ್ಕೆಂದು ನಾನು ಇರಲೇ ಎಂದು ಕೇಳಿದೆ. ಸದ್ದು ಮಾಡದಿದ್ದರೆ ಆಗಬಹುದೆಂದಳು.

ಜಾಗವನ್ನು ನಾನೇ ಆರಿಸಿಕೊಂಡೆ. ಫ್ರಿಜ್ಜಿನ ಮರೆ. ಕ್ಯಾಮೆರಾಕ್ಕೆ ಕಾಣದು, ನಟನ ಕಿವಿಗೆ ಹತ್ತಿರ. ಕೈಯಲ್ಲಿ ಒಂದು ಹಾಳೆ, ಅದರಲ್ಲಿ ಒಂದು ಸಾಲು.

ಮೊದಲ ಟೇಕು. ನಾಯಕನ ಪಾತ್ರದ ಹುಡುಗ ಸಿಂಕಿನ ಹತ್ತಿರ ನಿಂತಿದ್ದ. ನಮ್ಮವರು ಒಳಬಂದರು. ಎಂಟು ಪದವೂ ಬಂದವು, ಒಂದೂ ಬೀಳಲಿಲ್ಲ. ಆದರೆ ಹೇಳುವಾಗ ಒಂದು ಹೆಜ್ಜೆ ಪಕ್ಕಕ್ಕೆ ಸರಿದರು, ಹುಡುಗನ ಮುಖಕ್ಕೆ ಬಿಸಿಲು ಬಿಟ್ಟುಕೊಟ್ಟು. ನಡು ಬಗ್ಗಿತು, ತಲೆ ಇಳಿಯಿತು. ಕ್ಯಾಮೆರಾಕ್ಕೆ ಸಿಕ್ಕಿದ್ದು ಬೆನ್ನು.

"ತುಂಬಾ ಚೆನ್ನಾಗಿತ್ತು, ಸರ್," ಎಂದಳು ನಿರ್ದೇಶಕಿ. "ಈ ಸಲ ನಿಮ್ಮ ಮುಖ ನೋಡಬಹುದೇ? ಅವನ ಮೇಲೆ ನಿಮ್ಮ ನೆರಳು ಬೀಳುವ ಚಿಂತೆ ಬೇಡ. ಅವನನ್ನೇ ನೋಡಿ ಹೇಳಿ."

ಅವರು ನಿಂತಲ್ಲೇ ಎರಡು ಸಲ ತಲೆ ಎತ್ತಿ ಇಳಿಸಿ ಅಭ್ಯಾಸ ಮಾಡಿದರು, ತುಕ್ಕು ಹಿಡಿದ ಬಾಗಿಲನ್ನು ಪರೀಕ್ಷಿಸುವವರ ಹಾಗೆ.

ಎರಡನೆಯ ಟೇಕು. ಒಳಬಂದರು. ಸರಿಯಲಿಲ್ಲ. ಬಗ್ಗಲಿಲ್ಲ. ತಲೆ ಎತ್ತಿದರು. ಕಿಟಕಿಯ ಬಿಸಿಲು ಪೂರ್ತಿ ಅವರ ಮುಖಕ್ಕೇ ಬಿತ್ತು. ಫ್ರಿಜ್ಜಿನ ಸಂದಿಯಿಂದ ಅದನ್ನು ನೋಡಿದೆ. ಎಷ್ಟೋ ತಿಂಗಳಿಂದ ದಿನಾ ನೋಡಿದ ಮುಖ ಅದಾಗಿರಲಿಲ್ಲ. ಹುಡುಗನನ್ನು ನೋಡಿದರು. "ನಿಮ್ಮ ತಂದೆ," ಎಂದರು.

ನಿಂತರು.

ಒಂದು. ಎರಡು. ಹುಡುಗನ ಕಣ್ಣು ತುಂಬುತ್ತಿತ್ತು, ಅದು ನಟನೆಯಂತೆ ಕಾಣುತ್ತಿರಲಿಲ್ಲ. ನನಗೆ ಕಂಡದ್ದು ಮೇಲ್‌ಬಾಕ್ಸ್. ನನಗೆ ಕಂಡದ್ದು ನಮ್ಮ ಬೀಗದಲ್ಲಿ ಅವರ ಕೀ. ಮಗಳಿಗೆ ಎದೆ ಮುಟ್ಟಿ ಕೊಟ್ಟ ಮಾತು. ಮೂರು.

"ಕಿಟಕಿಯ ಪಕ್ಕ ಕೂತಿದ್ದರು," ಎಂದೆ.

ಇಂಗ್ಲಿಷಿನಲ್ಲೇ ಎಂದೆ, ಸ್ಪಷ್ಟವಾಗಿ, ಕೊನೆಯ ಸಾಲಿನವರೆಗೆ ಕೇಳುವಂತೆ. ಹೆಡ್‌ಫೋನ್ ಹಾಕಿಕೊಂಡಿದ್ದ ಸೌಂಡಿನ ಹೆಂಗಸು ಕೆನ್ನೆಗೆ ಹೊಡೆಸಿಕೊಂಡವಳಂತೆ ಬೆಚ್ಚಿ ನೇರವಾಗಿ ಫ್ರಿಜ್ಜಿನ ಕಡೆ ತಿರುಗಿದಳು.

"ಕಟ್."

ಆ ಮೌನವನ್ನು ಅವರು ಮಾಡಿದ್ದರು. ಅದು ತಪ್ಪಿ ಬಂದದ್ದಲ್ಲ. ನನಗೆ ಅದು ಅರ್ಥವಾದದ್ದು ನನ್ನ ಮಾತು ಬಾಯಿ ಬಿಟ್ಟ ಮರುಕ್ಷಣ, ಅವರ ಮುಖ ನೋಡಿ. ಆ ಮುಖ ಇನ್ನೂ ಮೂರು ಕ್ಷಣ ಹಾಗೇ ಎತ್ತಿಕೊಂಡೇ ಇತ್ತು, ಮುಂದಿನ ಆರೂ ಪದಗಳನ್ನು ಹಿಡಿದುಕೊಂಡು. ಆಮೇಲೆ ಇಳಿಯಿತು.

ನಾನು ಹೊರಗೆ ಬರುವ ಮೊದಲೇ ಅವರು ಎಲ್ಲರ ಕಡೆಗೂ ತಿರುಗಿ ನಡು ಬಗ್ಗಿಸಿದರು. "ಕ್ಷಮಿಸಿ. ನಾನು ಮರೆತೆ. ಹೇಳಿಕೊಡಿ ಅಂತ ಇವರನ್ನು ನಾನೇ ಕೇಳಿಕೊಂಡಿದ್ದೆ."

ನಿರ್ದೇಶಕಿಯ ಮುಖ ಮೃದುವಾಯಿತು. ಎಲ್ಲರ ಮುಖವೂ ಮೃದುವಾಯಿತು. ಮರೆವಿನ ಮುದುಕರನ್ನು ನೋಡುವಾಗ ಒಳ್ಳೆಯವರ ಮುಖ ಹೇಗಾಗುತ್ತದೋ ಹಾಗೆ. ಮಗಳು ಬೇಡವೆಂದದ್ದು ಇದನ್ನೇ. ಅವರು ಮರೆತಿದ್ದರೂ ಇಷ್ಟು ಪೂರ್ತಿಯಾಗಿ ಆಗುತ್ತಿರಲಿಲ್ಲ.

"ಏನೂ ತೊಂದರೆ ಇಲ್ಲ, ಸರ್," ಎಂದಳು ಅವಳು ನಿಧಾನವಾಗಿ, ಒಂದೊಂದೇ ಪದ ಬಿಡಿಸಿ. ಅದುವರೆಗೆ ಅವಳು ಅವರೊಡನೆ ಹಾಗೆ ಬಿಡಿಸಿ ಮಾತಾಡಿರಲಿಲ್ಲ. "ಮೊದಲನೇದು ತುಂಬಾ ಚೆನ್ನಾಗಿ ಬಂದಿದೆ. ನಮಗೆ ಸಾಕು."

ಕಿಟಕಿಯಲ್ಲಿ ಇನ್ನೂ ಬಿಸಿಲಿತ್ತು. ಇನ್ನೊಂದು ಟೇಕಿಗೆ ಆಗುವಷ್ಟು.

ನಾನು ಆಗ ಮಾತಾಡಬೇಕಿತ್ತು. ಇಪ್ಪತ್ತೈದು ವರ್ಷ ಭೀಷ್ಮನಿಂದ ಹಿಡಿದು ಬಾಗಿಲು ಕಾಯುವವನವರೆಗೆ ಎಲ್ಲರಿಗೂ ಮಾತು ಕೊಟ್ಟವನಿಗೆ ತನ್ನದೊಂದು ಸಾಲು ಸಿಗಲಿಲ್ಲ. ಅವರು ಷೂ ಹಾಕಿಕೊಳ್ಳುವಾಗ ನಿರ್ದೇಶಕಿಯ ಹಿಂದೆ ಡ್ರೈವ್‌ವೇವರೆಗೆ ಓಡಿದೆ.

"ಅವರು ಮರೆಯಲಿಲ್ಲ," ಎಂದೆ. "ಅದು ಅಭಿನಯ. ತಪ್ಪು ನನ್ನದು. ಅವರು ನನ್ನನ್ನು ಏನೂ ಕೇಳಿರಲಿಲ್ಲ. ಇನ್ನೊಂದು ಸಲ ತೆಗೆಯಿರಿ. ನಾನು ಕಾರಿನಲ್ಲಿ ಕೂತಿರ್ತೇನೆ. ಬೇಕಾದರೆ ಬೀದಿಯ ಆ ತುದಿಗೆ ಹೋಗ್ತೇನೆ."

ಅವಳು ನನ್ನ ತೋಳಿನ ಮೇಲೆ ಕೈಯಿಟ್ಟಳು. "ನೀವು ಅವರಿಗೆ ಎಷ್ಟು ಒಳ್ಳೆಯ ಸ್ನೇಹಿತರು," ಎಂದಳು. "ನನ್ನ ಅಜ್ಜಿಗೂ ಹೀಗೇ ಇತ್ತು."

ಅವರ ಸುಳ್ಳು ನಿಜವೆಂದು ನಿಂತಿತು. ನನ್ನ ನಿಜ ಸೌಜನ್ಯವೆಂದು ಹೋಯಿತು. ಮತ್ತೊಮ್ಮೆ ಹೇಳಿದೆ. ಅವಳು ಮತ್ತೊಮ್ಮೆ ತೋಳು ತಟ್ಟಿದಳು. ಒಳಗೆ ಮುಂದಿನ ದೃಶ್ಯಕ್ಕೆ ಸಿಂಕಿನ ಹತ್ತಿರದ ದೀಪ ಎತ್ತುತ್ತಿದ್ದರು.

ಐ-35 ಹೆದ್ದಾರಿಯಲ್ಲಿ ಉತ್ತರಕ್ಕೆ ಹೊರಟೆವು. ಅರ್ಧ ಗಂಟೆ ಕಳೆಯಿತು. ಆಮೇಲೆ ಕೇಳಿದೆ.

"ಮರೆತಿದ್ದಿರಾ?"

"ಇಲ್ಲ."

ಲೇನ್ ಬದಲಾಯಿಸಿದೆ.

"ಹಾಗೇಕೆ ಹೇಳಿದಿರಿ?"

"ಸೈಡ್‌ವಿಂಗಿನವನ ಧ್ವನಿ ಕೇಳಿಸಲಿಲ್ಲ ಅಂತ ಎಲ್ಲರೂ ಒಪ್ಪಿಕೊಳ್ಳಬೇಕಲ್ಲ," ಎಂದರು. "ನೀವೇ ಹೇಳಿದ್ದು."

"ಇನ್ನೂ ಎಷ್ಟು ಹೊತ್ತು ಸುಮ್ಮನಿರುವವರಿದ್ದಿರಿ?"

ಯೋಚಿಸಿದರು. "ಇನ್ನು ಸ್ವಲ್ಪ," ಎಂದರು.

ನಂತರ ಧಪಾಟಿಯ ಪೊಟ್ಟಣ ಬಿಚ್ಚಿ ಅರ್ಧ ಮುರಿದು ನನ್ನ ಕೈಗಿಟ್ಟರು. ಸಾಕ್ಸಿನ ಮೇಲೆ ನಕ್ಷತ್ರ ಯಾಕಿದೆ ಎಂದು ಕೇಳಿದರು. ಬೆಳಿಗ್ಗೆ ಕೊಂಡದ್ದನ್ನು ನೆನಪಿಸಿದೆ. "ಹೌದು, ಹೌದು," ಎಂದು ತಲೆ ಬಗ್ಗಿಸಿದರು.

ವೇಕೋ ಹತ್ತಿರ ದಾರಿ ಕಿರಿದಾದ ಕಡೆ ಎಡಬಲಕ್ಕೆ ಟ್ರಕ್ಕುಗಳು ಒತ್ತಿಕೊಂಡು ಬಂದವು. ಆಗ ಪಕ್ಕದ ಸೀಟಿನಿಂದ ಆ ಸಾಲು ಬಂತು. 'ನಿಮ್ಮ ತಂದೆ' ಎಂದರು. ಸುಮ್ಮನಾದರು. ನಾನು ಕೆಳದುಟಿಯನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದೆ. ಒಂದು ಟ್ರಕ್ಕು ಪೂರ್ತಿ ದಾಟುವಷ್ಟು ಹೊತ್ತು ಕಾರಿನಲ್ಲಿ ಏನೂ ಇರಲಿಲ್ಲ. ಆಮೇಲೆ ಉಳಿದದ್ದು ಬಂತು, ಸಂಜೆಯವರೆಗೂ, ಪೂರ್ತಿ. ಅವರ ಮುಖ ಆಗ ಹೇಗಿತ್ತೋ ನನಗೆ ಗೊತ್ತಿಲ್ಲ. ಎರಡೂ ಕಡೆ ಟ್ರಕ್ಕಿದ್ದವು, ದಾರಿಯಿಂದ ಕಣ್ಣು ತೆಗೆಯಲಾಗಲಿಲ್ಲ.

ಮಗಳು ಬಾಗಿಲಲ್ಲಿ ಕಾಯುತ್ತಿದ್ದಳು. ಅವರು ಚೆನ್ನಾಯಿತು ಎಂದು ಹೇಳಿ ಒಳಗೆ ಹೋದರು. ಅವಳು ನನ್ನನ್ನು ನೋಡಿದಳು. ಇದ್ದದ್ದನ್ನೆಲ್ಲ ಹೇಳಿದೆ. ಅವಳು ಕೇಳಿಸಿಕೊಂಡು, ಕರೆದೊಯ್ದದ್ದಕ್ಕೆ ಥ್ಯಾಂಕ್ಸ್ ಎಂದು ಬಾಗಿಲು ಹಾಕಿಕೊಂಡಳು. ಬೈದಿದ್ದರೆ ಇಷ್ಟು ದ್ರೋಹಿಯ ಹಾಗೆ ಅನಿಸುತ್ತಿರಲಿಲ್ಲ. ಮನೆಯಲ್ಲಿ ನನ್ನ ಹೆಂಡತಿ ತಟ್ಟೆ ಹಾಕಿ ಎದುರಿಗೆ ಕೂತಳು. ಅವತ್ತು ಅವಳ ಮಾತು ನಿಂತಿತ್ತು. ಹೇಳಿಕೊಡಲು ನನ್ನಲ್ಲಿ ಏನೂ ಇರಲಿಲ್ಲ.

ವಾಕಿಂಗ್ ಇನ್ನೂ ಆರು ತಿಂಗಳು ನಡೆಯಿತು. ಸಾಲು ಮತ್ತೆ ಬರಲಿಲ್ಲ. ನನ್ನನ್ನು ಮೇಷ್ಟ್ರೇ ಎನ್ನುವುದು ಹೋಯಿತು, ಆಮೇಲೆ ನಾನು ಯಾರೆಂಬುದು ಹೋಯಿತು. ನೆರಳಿನ ಲೆಕ್ಕ ಮಾತ್ರ ತಪ್ಪಲಿಲ್ಲ. ಬರುವಾಗ ತಾವಾಗಿಯೇ ಹುಲ್ಲಿನ ಮೇಲೆ ಇಳಿಯುತ್ತಿದ್ದರು.

ಮರುವರ್ಷ ಆ ಚಿತ್ರ ಆಸ್ಟಿನ್‌ನ ಒಂದು ಚಿಕ್ಕ ಹಾಲಿನಲ್ಲಿ ಎರಡು ದಿನ ಓಡಿತು. ನಾನು ಮೊದಲ ದಿನ ಹೋಗಿ ನೋಡಿದೆ. ಅಡುಗೆಮನೆಯ ದೃಶ್ಯದಲ್ಲಿರುವುದು ಮೊದಲ ಟೇಕು. ಅದರಲ್ಲಿ ಅವರ ಬೆನ್ನು ಮತ್ತು ಬಲಗಿವಿ ಕಾಣಿಸುತ್ತವೆ, ಮಾತು ಸ್ಪಷ್ಟವಾಗಿ ಕೇಳಿಸುತ್ತದೆ.